ಗೇಮ್ ತೆಗೆದು ಮತ್ತೆ ಹಾಕಿದರೂ ಹಳೆಯ ಲೆವೆಲ್ಲೇ ಬರುತ್ತಿದೆ, ಕ್ಲೌಡ್‌ನಿಂದ ಪೂರ್ತಿ ಅಳಿಸುವುದು ಹೇಗೆ?

ಶೈಲಾ_ತುಮಕೂರು

ಎಲ್ಲರಿಗೂ ನಮಸ್ಕಾರ. ಮನೆಯಲ್ಲಿ ಮಕ್ಕಳ ಕೈಗೆ ಸಿಗುವುದು ಒಂದೇ ಆಂಡ್ರಾಯ್ಡ್ ಫೋನ್, ಅದರಲ್ಲಿರುವುದು ನನ್ನ ಜಿಮೇಲ್. ಮಗ ಅದರಲ್ಲಿ ತುಂಬಾ ದಿನ ಒಂದು ಕಾರ್ ರೇಸ್ ಗೇಮ್ ಆಡುತ್ತಿದ್ದ. ಈಗ ಅವನು ಎಸ್ಸೆಸ್ಸೆಲ್ಸಿ, ಅದರ ಕಡೆ ತಿರುಗಿಯೂ ನೋಡುವುದಿಲ್ಲ. ಆದರೆ ಎರಡನೇ ಕ್ಲಾಸಿನ ಮಗಳಿಗೆ ಅದೇ ಬೇಕು, ಅದೂ ಮೊದಲನೇ ಲೆವೆಲ್‌ನಿಂದ. ಅನ್‌ಇನ್‌ಸ್ಟಾಲ್ ಮಾಡಿ ಮತ್ತೆ ಹಾಕಿದರೆ ಅಣ್ಣ ಗೆದ್ದ ಕಾರುಗಳೆಲ್ಲ ಸಾಲಾಗಿ ಬಂದು ನಿಲ್ಲುತ್ತವೆ, ರೇಸುಗಳೂ ಅವನ ಮಟ್ಟದ್ದೇ, ಇವಳ ಕಾರು ಮೊದಲ ತಿರುವಿನಲ್ಲೇ ಪಲ್ಟಿ. "ಇದು ನನ್ ಗೇಮ್ ಅಲ್ಲ, ಅಣ್ಣಂದು" ಅಂತ ಫೋನ್ ವಾಪಸ್ ಕೊಟ್ಟುಬಿಡುತ್ತಾಳೆ. ಬೇರೆ ಯಾವುದಾದರೂ ಆಡು ಅಂದರೆ ಕೇಳುವುದಿಲ್ಲ.

ಇನ್ನೊಂದು ವಿಷಯ. ಗೂಗಲ್‌ನಿಂದ ದಿನಾ "ಸ್ಟೋರೇಜ್ ತುಂಬಿದೆ" ಅಂತ ಮೆಸೇಜ್ ಬರುತ್ತಿದೆ. 15 ಜಿಬಿ ಮುಗಿದೇ ಹೋಯಿತಂತೆ. ಈ ಗೇಮ್‌ಗಳೇ ಕಾರಣ ಇರಬಹುದಾ? ಡ್ರೈವ್ ತೆರೆದರೆ ಗೇಮ್ ಹೆಸರಿನ ಒಂದು ಫೈಲೂ ಕಾಣುವುದಿಲ್ಲ. ಇದೆಲ್ಲ ಎಲ್ಲಿ ಕೂತಿದೆ, ಹೇಗೆ ತೆಗೆಯುವುದು? ಗೊತ್ತಿರುವವರು ಸ್ವಲ್ಪ ಬಿಡಿಸಿ ಹೇಳಿ.

ಕಿರಣ್_ಆಂಡ್ರಾಯ್ಡ್

ಅಕ್ಕಾ, ಅನ್‌ಇನ್‌ಸ್ಟಾಲ್ ಮಾಡಿದರೆ ಹೋಗುವುದು ಫೋನಿನಲ್ಲಿರುವ ಪ್ರತಿ ಮಾತ್ರ. ಆಟದ ಲೆಕ್ಕ ಇನ್ನೂ ಮೂರು ಕಡೆ ಇರಬಹುದು: ಗೂಗಲ್ ಪ್ಲೇ ಗೇಮ್ಸ್‌ನಲ್ಲಿ, ಫೋನಿನ ಬ್ಯಾಕಪ್‌ನಲ್ಲಿ, ಇಲ್ಲವೇ ಗೇಮ್ ಕಂಪನಿಯ ಸ್ವಂತ ಸರ್ವರ್‌ನಲ್ಲಿ. ನಿಮ್ಮದು ಮೊದಲ ಎರಡರಲ್ಲಿ ಒಂದು ಅನ್ನಿಸುತ್ತದೆ.

ಡ್ರೈವ್‌ನಲ್ಲಿ ಫೈಲ್ ಕಾಣದೆ ಇರುವುದಕ್ಕೂ ಕಾರಣ ಇದೆ. ಪ್ಲೇ ಗೇಮ್ಸ್ ಮೂಲಕ ಸೇವ್ ಆಗುವ ಆಟ ನಿಮ್ಮ ಡ್ರೈವ್‌ನ ಒಂದು ಗುಪ್ತ ಫೋಲ್ಡರ್‌ಗೆ ಹೋಗುತ್ತದೆ. ಅದನ್ನು ಆ ಆ್ಯಪ್ ಮಾತ್ರ ಓದಬಹುದು, ನಾವು ತೆರೆದು ನೋಡಲು ಆಗುವುದಿಲ್ಲ, ಅಳಿಸಲು ಮಾತ್ರ ಆಗುತ್ತದೆ.

ಇಲ್ಲಿ ಯಾವುದು ಮೊದಲು, ಯಾವುದು ಆಮೇಲೆ ಅನ್ನುವುದೇ ಮುಖ್ಯ. ಜಾಸ್ತಿ ಜನ ಕ್ಲೌಡ್‌ನಿಂದ ಅಳಿಸುತ್ತಾರೆ, ಆದರೆ ಗೇಮ್ ಇನ್ನೂ ಫೋನಿನಲ್ಲೇ ಇರುತ್ತದೆ, ಅದನ್ನು ತೆರೆದ ಕೂಡಲೇ ಅದು ತನ್ನ ಹತ್ತಿರ ಇರುವ ಹಳೆಯ ಪ್ರತಿಯನ್ನೇ ಮತ್ತೆ ಮೇಲಕ್ಕೆ ಕಳಿಸಿಬಿಡುತ್ತದೆ. ಹಾಗಾಗಿ ಮೊದಲು ಫೋನಿನ ಸೆಟ್ಟಿಂಗ್ಸ್‌ನಲ್ಲಿ ಆ್ಯಪ್ಸ್ ಅಂತ ಇರುತ್ತದಲ್ಲ, ಅಲ್ಲಿ ಆ ಗೇಮ್ ಹುಡುಕಿ, ಸ್ಟೋರೇಜ್ ಒತ್ತಿ, 'ಕ್ಲಿಯರ್ ಡೇಟಾ' ಕೊಡಿ. ಕೆಲವು ಫೋನ್‌ಗಳಲ್ಲಿ 'ಕ್ಲಿಯರ್ ಸ್ಟೋರೇಜ್' ಅಂತ ಇರುತ್ತದೆ, ಎರಡೂ ಒಂದೇ. 'ಕ್ಲಿಯರ್ ಕ್ಯಾಶ್' ಅಂತ ಪಕ್ಕದಲ್ಲೇ ಇರುವುದನ್ನು ಒತ್ತಿದರೆ ಏನೂ ಪ್ರಯೋಜನ ಇಲ್ಲ. ಆಮೇಲೆ ಅನ್‌ಇನ್‌ಸ್ಟಾಲ್ ಮಾಡಿ.

ಈಗ ಪ್ಲೇ ಗೇಮ್ಸ್ ಆ್ಯಪ್ ತೆರೆಯಿರಿ. ಮೇಲೆ ನಿಮ್ಮ ಫೋಟೋ ಒತ್ತಿ ಸೆಟ್ಟಿಂಗ್ಸ್‌ಗೆ ಹೋದರೆ ಪ್ಲೇ ಗೇಮ್ಸ್ ಅಕೌಂಟ್ ಮತ್ತು ಡೇಟಾ ಡಿಲೀಟ್ ಮಾಡುವ ಸಾಲು ಇರುತ್ತದೆ. ಹೆಸರು ನೋಡಿ ಗಾಬರಿ ಆಗಬೇಡಿ. ಒಳಗೆ ಹೋದರೆ ಒಂದೊಂದು ಗೇಮ್‌ನ ಹೆಸರೂ ಬೇರೆ ಬೇರೆಯಾಗಿ ಬರುತ್ತದೆ, ನಿಮಗೆ ಬೇಕಾದ ಒಂದರ ಮುಂದೆ ಮಾತ್ರ ಡಿಲೀಟ್ ಒತ್ತಿ. ಪೂರ್ತಿ ಅಕೌಂಟ್ ಅಳಿಸುವ ಬಟನ್ ಮಾತ್ರ ಮುಟ್ಟಬೇಡಿ.

ಅಲ್ಲಿ ಹೆಸರೇ ಇಲ್ಲದಿದ್ದರೆ ಕಂಪ್ಯೂಟರ್‌ನಲ್ಲಿ ಡ್ರೈವ್ ತೆರೆದು, ಮೇಲಿನ ಗೇರ್ ಗುರುತಿನಿಂದ ಸೆಟ್ಟಿಂಗ್ಸ್, ಅಲ್ಲಿಂದ 'ಮ್ಯಾನೇಜ್ ಆ್ಯಪ್ಸ್'ಗೆ ಹೋಗಿ. ಗೇಮ್ ಹೆಸರು ಕಂಡರೆ ಆಪ್ಷನ್ಸ್ ಒತ್ತಿ 'ಡಿಲೀಟ್ ಹಿಡನ್ ಆ್ಯಪ್ ಡೇಟಾ' ಕೊಡಿ. ಇದು ಫೋನಿನ ಡ್ರೈವ್ ಆ್ಯಪ್‌ನಲ್ಲಿ ಸಿಗುವುದಿಲ್ಲ, ಸುಮ್ನೆ ಹುಡುಕುತ್ತಾ ಕೂರಬೇಡಿ.

ಇಷ್ಟಾದ ಮೇಲೂ ಹಳೆಯದೇ ಬಂದರೆ ಅದು ಫೋನಿನ ಬ್ಯಾಕಪ್. ಆಂಡ್ರಾಯ್ಡ್ ಒಂದೊಂದು ಆ್ಯಪ್‌ನದ್ದು 25 ಎಂಬಿವರೆಗೆ ತಾನಾಗೇ ಎತ್ತಿಟ್ಟುಕೊಂಡು, ಮತ್ತೆ ಇನ್‌ಸ್ಟಾಲ್ ಮಾಡಿದಾಗ ನಮ್ಮನ್ನು ಕೇಳದೆ ವಾಪಸ್ ಹಾಕುತ್ತದೆ. ಅದರಲ್ಲಿ ಒಂದೇ ಆ್ಯಪ್‌ನದ್ದು ಆರಿಸಿ ಅಳಿಸಲು ಬರುವುದಿಲ್ಲ. ಗೇಮ್ ಅನ್‌ಇನ್‌ಸ್ಟಾಲ್ ಆಗಿರುವಾಗ ಡ್ರೈವ್ ಆ್ಯಪ್‌ನ ಬ್ಯಾಕಪ್ಸ್‌ನಲ್ಲಿ ಆ ಫೋನಿನ ಹೆಸರಿನದ್ದನ್ನು ಡಿಲೀಟ್ ಮಾಡಿ, ಮತ್ತೆ ಬ್ಯಾಕಪ್ ಆನ್ ಮಾಡಿ. ಫೋನಿನಲ್ಲಿರುವ ಎಸ್ಸೆಮ್ಮೆಸ್, ಕಾಲ್ ಲಿಸ್ಟ್ ಹಾಗೇ ಇರುತ್ತವೆ, ಕ್ಲೌಡ್‌ನಲ್ಲಿದ್ದ ಅವುಗಳ ಹಳೆಯ ಪ್ರತಿ ಮಾತ್ರ ಹೋಗುತ್ತದೆ. ವಾಟ್ಸಾಪ್ ಬ್ಯಾಕಪ್ ಬೇರೆ, ಅದನ್ನು ಮುಟ್ಟಬೇಡಿ.

ಪ್ರಭಾ_ಮೈಸೂರು

ಕಿರಣ್ ಹೇಳಿದ್ದು ಸರಿ. ಆದರೆ ಶೈಲಾ, ಡಿಲೀಟ್ ಒತ್ತುವ ಮುಂಚೆ ಮಗನನ್ನು ಒಂದು ಮಾತು ಕೇಳಿ. ಇದು ಸಣ್ಣ ವಿಷಯ ಅಂತ ದೊಡ್ಡವರಿಗೆ ಅನ್ನಿಸುತ್ತದೆ. ಆದರೆ ಆ ವಯಸ್ಸಿನ ಹುಡುಗನಿಗೆ ಅಷ್ಟೂ ಕಾರು ಸೇರಿಸಿದ್ದು ಅವನ ಸಂಪಾದನೆ, ಪರೀಕ್ಷೆ ಮುಗಿದ ಮೇಲೆ ಬೇಸಿಗೆ ರಜದಲ್ಲಿ ತೆರೆದು ನೋಡಿದಾಗ ಇಲ್ಲ ಅಂದರೆ ತುಂಬಾ ಬೇಜಾರಾಗುತ್ತದೆ, ಮತ್ತೆ ತರಲು ದಾರಿಯೂ ಇರುವುದಿಲ್ಲ.

ಅವನು ಬೇಡ ಅಂದರೆ ಅಳಿಸುವ ಅಗತ್ಯವೇ ಇಲ್ಲ. ಮಗಳಿಗೆ ಒಂದು ಬೇರೆ ಗೂಗಲ್ ಅಕೌಂಟ್ ಫೋನಿಗೆ ಸೇರಿಸಿ. ಅವಳಿನ್ನೂ ಚಿಕ್ಕವಳು, ಹಾಗಾಗಿ ಫ್ಯಾಮಿಲಿ ಲಿಂಕ್ ಮೂಲಕ ನಿಮ್ಮ ಕೈಕೆಳಗೆ ಇರುವ ಅಕೌಂಟ್ ಮಾಡಬೇಕಾಗುತ್ತದೆ, ಅದರಲ್ಲಿ ಆಡುವ ಸಮಯಕ್ಕೂ ಮಿತಿ ಹಾಕಬಹುದು. ಪ್ಲೇ ಗೇಮ್ಸ್ ಸೆಟ್ಟಿಂಗ್ಸ್‌ನಲ್ಲಿ ಯಾವ ಗೇಮ್‌ಗೆ ಯಾವ ಅಕೌಂಟ್ ಅಂತ ಬದಲಾಯಿಸುವ ಜಾಗ ಇದೆ, ತಾನಾಗೇ ಸೈನ್ ಇನ್ ಆಗುವುದನ್ನೂ ಅಲ್ಲೇ ಆಫ್ ಮಾಡಬಹುದು. ಅಣ್ಣನದ್ದು ಅಣ್ಣನಿಗೆ, ತಂಗಿಯದ್ದು ತಂಗಿಗೆ.

ದುಡ್ಡು ಕೊಟ್ಟು ಏನಾದರೂ ಕೊಂಡಿದ್ದೀರಾ ಅದನ್ನೂ ನೋಡಿಕೊಳ್ಳಿ. ಜಾಹೀರಾತು ಬೇಡ ಅಂತ ಒಂದು ಸಲ ದುಡ್ಡು ಕಟ್ಟಿದ್ದರೆ ಅದು ಪ್ಲೇ ಸ್ಟೋರ್ ಲೆಕ್ಕದಲ್ಲಿ ಇರುತ್ತದೆ, ಸಾಮಾನ್ಯವಾಗಿ ಮತ್ತೆ ಸಿಗುತ್ತದೆ. ಕಾಯಿನ್, ಡೈಮಂಡ್ ಥರದ್ದು ಅಳಿಸಿದರೆ ಹೋಯಿತು ಅಂತಲೇ ತಿಳಿಯಿರಿ. ತಿಂಗಳು ತಿಂಗಳು ಕಟ್ ಆಗುವ ಸಬ್‌ಸ್ಕ್ರಿಪ್ಷನ್ ಇದ್ದರಂತೂ ಗೇಮ್ ತೆಗೆದರೂ ಡೇಟಾ ಅಳಿಸಿದರೂ ಅದು ನಿಲ್ಲುವುದಿಲ್ಲ, ಯುಪಿಐ ಆಟೋಪೇ ತನ್ನ ಪಾಡಿಗೆ ಎಳೆಯುತ್ತಲೇ ಇರುತ್ತದೆ. ಪ್ಲೇ ಸ್ಟೋರ್‌ನ ಪೇಮೆಂಟ್ಸ್ ಅಂಡ್ ಸಬ್‌ಸ್ಕ್ರಿಪ್ಷನ್ಸ್‌ಗೆ ಹೋಗಿ ಅಲ್ಲೇ ಕ್ಯಾನ್ಸಲ್ ಮಾಡಬೇಕು.

ಹುಬ್ಬಳ್ಳಿ_ಮಂಜು

ಸ್ಟೋರೇಜ್ ಬಗ್ಗೆ ಯಾರೂ ಹೇಳಲಿಲ್ಲ, ನಾನು ಹೇಳುತ್ತೇನೆ. ಗೇಮ್ ಸೇವ್‌ನಿಂದ 15 ಜಿಬಿ ತುಂಬುವುದಿಲ್ಲ ಮೇಡಂ. ಪ್ಲೇ ಗೇಮ್ಸ್‌ನಲ್ಲಿ ಒಂದು ಸೇವ್‌ಗೆ ಕೊಡುವ ಮಿತಿಯೇ 3 ಎಂಬಿ, ಜೊತೆಗೆ ಒಂದು ಸಣ್ಣ ಚಿತ್ರ. ಗೇಮ್ ಇನ್‌ಸ್ಟಾಲ್ ಮಾಡಿದ ಮೇಲೆ ಡೌನ್‌ಲೋಡ್ ಆಗುವ ಒಂದೆರಡು ಜಿಬಿ ಇರುತ್ತದಲ್ಲ, ಅದು ಫೋನಿನಲ್ಲೇ ಇರುತ್ತದೆ, ಕ್ಲೌಡ್‌ಗೆ ಹೋಗುವುದಿಲ್ಲ.

ನಿಮ್ಮ ಗೂಗಲ್ ಫೋಟೋಸ್ ತೆರೆದು ಸ್ಕ್ರೀನ್ ರೆಕಾರ್ಡಿಂಗ್ ಫೋಲ್ಡರ್ ನೋಡಿ. ಹುಡುಗರು ಆಡುವಾಗ ಗೆದ್ದದ್ದನ್ನು ಗೆಳೆಯರಿಗೆ ತೋರಿಸಲು ಸ್ಕ್ರೀನ್ ರೆಕಾರ್ಡ್ ಹಾಕಿರುತ್ತಾರೆ, ಅರ್ಧ ಗಂಟೆಯ ವಿಡಿಯೋ ಜಿಬಿಗಟ್ಟಲೆ ಆಗುತ್ತದೆ, ಆ ಫೋಲ್ಡರ್‌ಗೆ ಬ್ಯಾಕಪ್ ಆನ್ ಇದ್ದರೆ ಎಲ್ಲವೂ ನಿಮ್ಮ ಜಿಮೇಲ್ ಜಾಗದಲ್ಲೇ ಹೋಗಿ ಕೂರುತ್ತದೆ. ಜಿಮೇಲ್, ಡ್ರೈವ್, ಫೋಟೋಸ್ ಮೂರಕ್ಕೂ ಸೇರಿ 15 ಜಿಬಿ. ಈಗ ಆಂಡ್ರಾಯ್ಡ್‌ನಲ್ಲಿ ವಾಟ್ಸಾಪ್ ಬ್ಯಾಕಪ್ ಕೂಡ ಅದರಲ್ಲೇ ಲೆಕ್ಕ, ಮೊದಲು ಹಾಗಿರಲಿಲ್ಲ. ಡಿಲೀಟ್ ಮಾಡಿದ ಮೇಲೆ ಟ್ರ್ಯಾಷ್ ಕೂಡ ಖಾಲಿ ಮಾಡಿ. ಬ್ಯಾಕಪ್ ಆದ ಫೋಟೋ ವಿಡಿಯೋ ಅಲ್ಲಿ 60 ದಿನ ಇರುತ್ತವೆ, ಅಲ್ಲಿವರೆಗೂ ಜಾಗ ಬಿಡುವುದಿಲ್ಲ.

ಶೈಲಾ_ತುಮಕೂರು

ಮಂಜು ಅವರೇ, ಸ್ಕ್ರೀನ್ ರೆಕಾರ್ಡಿಂಗ್ ಅಂದದ್ದು ಸರಿಯಾಗಿದೆ! ಫೋಲ್ಡರ್ ತೆರೆದರೆ ಬರೀ ಕಾರುಗಳೇ. ಮಗ ಎರಡು ವಿಡಿಯೋ ಇಟ್ಟುಕೊಂಡು ಉಳಿದದ್ದು ತೆಗೆಯಿರಿ ಅಂದ.

ಪ್ರಭಾ ಅವರು ಹೇಳಿದಂತೆ ಕೇಳಿದೆ, ಕಾರ್ ಗೇಮ್ ಅಳಿಸಿ ಪರವಾಗಿಲ್ಲ ಅಂದ. ಕಿರಣ್ ಹೇಳಿದ ಕ್ರಮದಲ್ಲೇ ಮಾಡಿದೆ, ಪ್ಲೇ ಗೇಮ್ಸ್‌ನಲ್ಲೇ ಹೆಸರು ಸಿಕ್ಕಿತು, ಈಗ ಮೊದಲನೇ ಲೆವೆಲ್ ಬಂದಿದೆ. ತುಂಬಾ ಥ್ಯಾಂಕ್ಸ್. ಆದರೆ ಕ್ಯಾಂಡಿ ಕ್ರಷ್ ಮಾತ್ರ ಏನು ಮಾಡಿದರೂ ಹಳೆಯ ಲೆವೆಲ್ಲೇ. ಅದು ಬೇರೆ ಥರವಾ?

ಕಿರಣ್_ಆಂಡ್ರಾಯ್ಡ್

ಹೌದು ಅಕ್ಕಾ, ನಾನು ಹೇಳಿದ ಮೂರನೇ ಜಾಗ ಅದೇ. ಫೇಸ್‌ಬುಕ್ ಅಥವಾ ಆ ಕಂಪನಿಯದ್ದೇ ಕಿಂಗ್ ಅಕೌಂಟ್‌ನಿಂದ ಲಾಗಿನ್ ಆಗಿದ್ದರೆ ಲೆವೆಲ್ ಎಲ್ಲ ಅವರ ಸರ್ವರ್‌ನಲ್ಲಿ ಇರುತ್ತದೆ. ಗೂಗಲ್‌ನಲ್ಲಿ ಎಷ್ಟು ಹುಡುಕಿದರೂ ಸಿಗುವುದಿಲ್ಲ. ಕ್ಲಾಷ್ ಆಫ್ ಕ್ಲಾನ್ಸ್‌ನಲ್ಲಿ ಸೂಪರ್‌ಸೆಲ್ ಐಡಿ ಅಂತ ಇದೆಯಲ್ಲ, ಅದೂ ಹೀಗೇ. ಪಬ್‌ಜಿ ಮೊಬೈಲ್‌ಗೆ ಸರ್ಕಾರ 2020ರ ಸೆಪ್ಟೆಂಬರ್‌ನಲ್ಲಿ ತಡೆ ಹಾಕಿತು, ಮುಂದಿನ ವರ್ಷ ಅದರದ್ದೇ ಭಾರತದ ಆವೃತ್ತಿ ಬಿಜಿಎಂಐ ಬಂದಾಗ ಹಳೆಯ ಲಾಗಿನ್ ಹಾಕಿದವರಿಗೆ ತಮ್ಮ ಪಬ್‌ಜಿ ಸಾಮಾನೆಲ್ಲ ವರ್ಗಾಯಿಸಿಕೊಳ್ಳಲು ಅವಕಾಶ ಕೊಟ್ಟಿದ್ದರು. ಗೇಮ್ ಫೋನಿನಲ್ಲಿ ಇಲ್ಲದೆ ಇದ್ದಷ್ಟು ಕಾಲವೂ ಲೆಕ್ಕ ಸರ್ವರ್‌ನಲ್ಲಿ ಹಾಗೇ ಇತ್ತು.

ನಿಮಗೆ ಸುಮ್ನೆ ಹೊಸದಾಗಿ ಶುರು ಮಾಡಬೇಕು ಅಷ್ಟೇ ಅಂದರೆ ಗೇಮ್ ಒಳಗಿನ ಸೆಟ್ಟಿಂಗ್ಸ್‌ನಲ್ಲಿ ಲಾಗ್ ಔಟ್ ಆಗಿ, ಕ್ಲಿಯರ್ ಡೇಟಾ ಕೊಟ್ಟು, ಲಾಗಿನ್ ಆಗದೆ ಆಡಲು ಬಿಡಿ. ಪೂರ್ತಿ ಅಳಿಸಬೇಕು ಅಂದರೆ ಪ್ಲೇ ಸ್ಟೋರ್‌ನಲ್ಲಿ ಗೇಮ್ ಪುಟದ 'ಡೇಟಾ ಸೇಫ್ಟಿ' ಭಾಗ ನೋಡಿ. ಅಕೌಂಟ್ ಮಾಡಿಸಿಕೊಳ್ಳುವ ಆ್ಯಪ್‌ಗಳು ಅದನ್ನು ಅಳಿಸುವ ದಾರಿಯನ್ನೂ ಆ್ಯಪ್ ಒಳಗೆ ಮತ್ತು ವೆಬ್‌ನಲ್ಲಿ ಕೊಡಲೇಬೇಕು ಅಂತ ಗೂಗಲ್ ನಿಯಮ ಮಾಡಿದೆ. ನಮ್ಮ ದೇಶದ 2023ರ ಡೇಟಾ ರಕ್ಷಣೆ ಕಾಯಿದೆಯಲ್ಲೂ ನಮ್ಮ ಮಾಹಿತಿ ಅಳಿಸಿ ಅಂತ ಕೇಳುವ ಹಕ್ಕು ಇದೆ. ಹಾಗಾಗಿ ಸಪೋರ್ಟ್‌ಗೆ ಬರೆಯುವಾಗ ಹಿಂಜರಿಯಬೇಡಿ. ಅಕೌಂಟ್‌ಗೆ ಜೋಡಿಸಿದ ಇಮೇಲ್‌ನಿಂದಲೇ ಬರೆಯಿರಿ, ಗೇಮ್ ಸೆಟ್ಟಿಂಗ್ಸ್‌ನಲ್ಲಿ ಕಾಣುವ ಪ್ಲೇಯರ್ ಐಡಿಯನ್ನೂ ಹಾಕಿ. ಐಡಿ ಇಲ್ಲದಿದ್ದರೆ ಇದು ನಿಮ್ಮದೇ ಅಂತ ಅವರಿಗೆ ಗೊತ್ತಾಗುವುದಾದರೂ ಹೇಗೆ, ಅಲ್ವಾ?

ಸಚಿನ್_ಉಡುಪಿ

ನಡುವೆ ಕೇಳುತ್ತಿದ್ದೇನೆ, ಐಫೋನ್‌ನಲ್ಲಿ ಇದೇ ತೊಂದರೆ ಇದ್ದರೆ?

ಪ್ರಭಾ_ಮೈಸೂರು

ಸೆಟ್ಟಿಂಗ್ಸ್‌ನಲ್ಲಿ ಮೇಲೆ ನಿಮ್ಮ ಹೆಸರು ಒತ್ತಿ, ಐಕ್ಲೌಡ್, ಅಲ್ಲಿಂದ ಸ್ಟೋರೇಜ್‌ಗೆ ಹೋಗಿ. ಐಕ್ಲೌಡ್‌ನಲ್ಲಿ ಸೇವ್ ಮಾಡುವ ಆ್ಯಪ್‌ಗಳೆಲ್ಲ ಸಾಲಾಗಿ ಕಾಣುತ್ತವೆ, ಗೇಮ್ ಹೆಸರು ಒತ್ತಿದರೆ ಡಿಲೀಟ್ ಡೇಟಾ ಸಿಗುತ್ತದೆ. ಐಫೋನ್‌ನಲ್ಲೂ ಆ್ಯಪ್ ತೆಗೆದರೆ ಐಕ್ಲೌಡ್‌ನದ್ದು ಹೋಗುವುದಿಲ್ಲ, ಉಚಿತ ಜಾಗ ಬರೀ 5 ಜಿಬಿ ಆಗಿರುವುದರಿಂದ ಆಗಾಗ ಈ ಪಟ್ಟಿ ನೋಡುವುದು ಒಳ್ಳೆಯದೇ. ಮನೆಯಲ್ಲಿ ಅದೇ ಅಕೌಂಟ್‌ನ ಐಪ್ಯಾಡ್ ಇದ್ದರೆ ಅದರಿಂದಲೂ ಈ ಆಟ ಹೋಗುತ್ತದೆ. ಅದರಲ್ಲಿ ಬೇರೆ ಯಾರಾದರೂ ಆಡುತ್ತಿದ್ದಾರಾ ಅಂತ ಮೊದಲು ವಿಚಾರಿಸಿಕೊಳ್ಳಿ.