ಸಿಟ್ಟಿನ ಹುಡುಗಿಗೆ ಕರಾಟೆನೋ, ಜೂಡೋನೋ?

ಬಾಗಲಕೋಟೆಯಿಂದ ಕೇಳಿದ್ದು: ತಂಗಿ ಮಗಳಿಗೆ 14 ವರ್ಷ. ಮಾತು ಕಡಿಮಿ ಆಗೈತಿ, ಸಿಟ್ಟು ಬಂದರ ಬಾಗಿಲಾ ಬಡಿತಾಳ, ಸಾಲಿ ಒಲ್ಲೆ ಅಂತಾಳ. ಸಮಾಲೋಚಕರು ಮೈಗೆ ಕೆಲಸ ಕೊಡೋ ಆಟ ಹಚ್ಚರಿ ಅಂದಾರ. ಓದಾಕ ಬೆಳಗಾವಿಯೊಳಗ ಇಡತೀವಿ. ಕರಾಟೆ, ಜೂಡೋ ಎರಡರಾಗ ಯಾವುದು ಚಲೋ?

ಬೆಳಗಾವಿ, ಜೂಡೋ ತರಬೇತುದಾರರು:
ಜೂಡೋ ಹಚ್ಚರಿ. ಇಲ್ಲಿ ಮೊದಲ ಕಲಸೂದು ಬೀಳೂದು, ಉಕೇಮಿ ಅಂತಾರ. ಗದ್ದ ಎದಿಗೆ ಒತ್ತಿ, ಬೆನ್ನು ಗುಂಡಗ ಮಾಡಿ, ಎರಡೂ ಕೈ ಮೈಯಿಂದ 45 ಡಿಗ್ರಿಯೊಳಗ ಚಾಚಿ ಮ್ಯಾಟಿಗೆ ಬಡೀಬೇಕು. ಮೊದಲ ಕುಂತು, ಆಮ್ಯಾಲ ಕುಕ್ಕರಗಾಲಿಲೆ, ಕಡೀಕ ನಿಂತು. ಗದ್ದ ಎತ್ತಿದರ ತಲಿ ಬಡೀತೈತಿ, ಕೈ ಹಿಂದ ಊರಿದರ ಮಣಿಕಟ್ಟು ಹೋಗತೈತಿ. ಅಂಜಿದವರು ಉಸಿರು ಹಿಡದು ಸೆಟದು ಬೀಳತಾರ. ಬೀಳೂ ಹೊತ್ತಿಗೆ ಉಸಿರು ಬಿಡಾಕ ರೂಢಿ ಮಾಡಸ್ರಿ. ಇನ್ನೊಂದು ಟ್ಯಾಪ್. ಮ್ಯಾಟಿಗೆ ಇಲ್ಲಾ ಎದುರಿನವರ ಮೈಗೆ ಎರಡು ಸಲ ತಟ್ಟಿದರ ಅವರು ಅಲ್ಲೇ ಬಿಡಬೇಕು. ಇಂಥಾ ಹುಡುಗ್ಯಾರಿಗೆ ಎತ್ತಿ ಒಗೆಯೋ ಪಟ್ಟಿಗಿಂತ ಇದರ ಬೆಲಿ ಹೆಚ್ಚು: ಆಕಿ ಸಾಕು ಅಂದರ ಸಾಕು.

ವಿಜಯಪುರ, ಆಪ್ತ ಸಮಾಲೋಚಕರು:
ಚೀಲಕ್ಕ ಗುದ್ದಿ ಸಿಟ್ಟು ಹೊರಗ ಹಾಕಲಿ ಅನ್ನೋರ ಮಾತು ಕೇಳಬ್ಯಾಡ್ರಿ, ಗುದ್ದಿದಷ್ಟೂ ಸಿಟ್ಟು ರೂಢಿ ಆಗತದ. ಯಾರರ ಮೈ ಮುಟ್ಟಿ ಹಿಂಸಾ ಮಾಡಿದ ಅನುಮಾನ ಇದ್ದರ ನೆಲಕ್ಕ ಒತ್ತಿ ಹಿಡಿಯೋ ಪಟ್ಟು ಇಷ್ಟರಾಗ ಬ್ಯಾಡ. ಎದಿ ಮ್ಯಾಲ ಭಾರ ಬಿದ್ದರ ಹಳೇದು ಎದ್ದು ಬರತದ. ಕಣ್ಣು ಒಂದ ಕಡೆ ನಟ್ಟು, ಕರೆದರೂ ಓಗೊಡಂಗಿಲ್ಲ. ಆಗ ಬಿಟ್ಟು ದೂರ ಸರಿದು, ಹೆಸರು ಹಿಡದು ಕರದು, ಅಂಗಾಲು ಮ್ಯಾಟಿಗೆ ಊರಿಸಿ, ನೀರು ಕೊಡಬೇಕು. ಅವತ್ತಿನ ಅಭ್ಯಾಸ ಅಷ್ಟಕ್ಕ ಮುಗೀತು. ಮಾಸ್ತರಿಗೆ ಮನಿ ಕಥಿ ಎಲ್ಲಾ ಹೇಳೂದು ಬ್ಯಾಡ. ಹಿಂದಿನಿಂದ ಹಿಡೀಬ್ಯಾಡ್ರಿ, ಮುಟ್ಟೂ ಮೊದಲ ಕೇಳ್ರಿ, ಇಷ್ಟ ಹೇಳ್ರಿ. ತೋಳ ಮ್ಯಾಲ ಬ್ಲೇಡಿನ ಗೆರಿ ಕಂಡರ, ಸಾಯೂ ಮಾತು ಬಂದರ, ಕ್ಲಾಸ್ ಆಮ್ಯಾಲ, ಮೊದಲ ಮನೋವೈದ್ಯರು. ಸರಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕ ಹಗಲೂ ರಾತ್ರಿ ಫೋನ್ ಹಚ್ಚಬಹುದು, ರೊಕ್ಕ ಇಲ್ಲ.

ಬೆಳಗಾವಿ, ಹುಡುಗ್ಯಾರ ತಂಡ ನೋಡಕೊಳ್ಳೋರು:
ಎರಡು ದಿನ ಬರೇ ಕುಂತು ನೋಡಲಿ ಅಕ್ಕಾರ. ವಾರಕ್ಕ ಮೂರು ದಿನ ಸಾಕು. ಜೂಡೋ ಆಡೂ ಮುಂದ ಹಾಕ್ಕೊಳ್ಳೋ ಅರಿವಿಗೆ ಗೀ ಅಂತಾರ; ಹೊಸ ಗೀ ತೊಳದರ ಕುಗ್ಗತೈತಿ, ಒಂದು ಅಳತಿ ದೊಡ್ಡದು ತಗೋರಿ, ಒಳಗ ಬಿಳಿ ಟೀಶರ್ಟ್ ಬೇಕು. ಉಗುರು ಕತ್ತರಿಸಿ ಕಳಸ್ರಿ. ತುರಮುರಿಯ ಮಲಪ್ರಭಾ ಜಾಧವ್ 2018ರ ಏಷ್ಯನ್ ಗೇಮ್ಸ್‌ನ್ಯಾಗ ಕುರಾಶ್ (ಜೂಡೋ ಹಂಗ ಇರೋ ಕುಸ್ತಿ) ಆಟದಾಗ ಕಂಚು ತಂದದ್ದನ್ನ ಇಲ್ಲಿ ಎಲ್ಲಾರೂ ಹೇಳತಾರ. ಈಕಿ ಮುಂದ ಸದ್ಯಕ್ಕ ಪದಕದ ಸುದ್ದಿ ತೆಗೀಬ್ಯಾಡ್ರಿ. ತೂಕ ಇಳಸು ಅಂದರಂತೂ ಒಪ್ಪಬ್ಯಾಡ್ರಿ, ಊಟ ಬಿಡೋ ಚಾಳಿ ಅಲ್ಲಿಂದ ಸುರು ಆಗತೈತಿ. ಒಲ್ಲೆ ಅಂದ ದಿನ ಗೀ ಹಾಕ್ಕೊಂಡು ಬಂದು ಗ್ವಾಡಿಗೆ ಕುಂತರೂ ನಡೀತೈತಿ ಅಂತ ಮಾಸ್ತರ ಜೋಡಿ ಮೊದಲ ಮಾತಾಡಿ ಇಟ್ಟುಕೋರಿ.