ಚಾರಿಟಿ ಬಟ್ಲರ್ ದಾವೆಯನ್ನು ಸ್ಟೀವನ್ಸ್ ಖಾತೆಯಿಂದ ಅಳಿಸಬಹುದೇ?

ಹಳೆಯ ವಕೀಲ
ಅಮೆರಿಕದಲ್ಲಿ ಗುಲಾಮಗಿರಿಯ ವಿರುದ್ಧ ಹೋರಾಡಿದವರಲ್ಲಿ ಥ್ಯಾಡಿಯಸ್ ಸ್ಟೀವನ್ಸ್ ಅವರಿಗೆ ಮೊದಲ ಸಾಲಿನ ಜಾಗ ಕೊಡುತ್ತಾರೆ. ನನಗೆ ಮಾತ್ರ 1821ರ ದಾವೆಯೊಂದು ಗಂಟಲಲ್ಲಿ ಸಿಕ್ಕಿಕೊಂಡಿದೆ. ಪೆನ್ಸಿಲ್ವೇನಿಯಾದ 1780ರ ಕಾಯ್ದೆಯಂತೆ, ಹೊರಗಿನಿಂದ ತಂದ ಗುಲಾಮರನ್ನು ಆರು ತಿಂಗಳು ಇರಿಸಿಕೊಂಡರೆ ಅವರು ಸ್ವತಂತ್ರರು. ಮೇರಿಲ್ಯಾಂಡಿನ ಚಾರಿಟಿ ಬಟ್ಲರ್‌ಳನ್ನು ಹಲವು ಸಲ ಗಡಿ ದಾಟಿಸಿ ಕರೆತಂದಿದ್ದರು. ಆ ದಿನಗಳನ್ನೆಲ್ಲ ಕೂಡಿಸಿ ಎಣಿಸಬೇಕೆಂದು ಆಕೆಯ ಕಡೆಯವರು ಕೇಳಿದರು. ಗೆಟ್ಟಿಸ್‌ಬರ್ಗಿನ ಯುವ ವಕೀಲ ಸ್ಟೀವನ್ಸ್ ಒಡೆಯನ ವಕಾಲತ್ತು ಹಿಡಿದು, ಆರು ತಿಂಗಳು ಎಂದರೆ ಎಡೆಬಿಡದ ಆರು ತಿಂಗಳು ಎಂದು ವಾದಿಸಿ ಗೆದ್ದರು. ತಾಯಿ, ಮಕ್ಕಳು ಗುಲಾಮರಾಗಿಯೇ ಉಳಿದರು.

ಇತಿಹಾಸದ ಮೇಷ್ಟ್ರು
ವಕೀಲರೇ, ದಾವೆ ನಿಜ. ಆದರೆ ಮುಂದಿನ ಪುಟಗಳನ್ನೂ ತಿರುವಬೇಕಲ್ಲವೇ? ಎರಡೇ ವರ್ಷದಲ್ಲಿ, 1823ರ ಸ್ವಾತಂತ್ರ್ಯ ದಿನದ ಕೂಟದಲ್ಲಿ, ಮುಂದಿನ ಅಧ್ಯಕ್ಷ ಯಾವ ಗುಲಾಮನಿಗೂ ಬೇಡಿ ತೊಡಿಸದವನಾಗಿರಲಿ ಎಂದು ಅವರು ಹಾರೈಸಿದರು. ಓಡಿಬಂದ ಗುಲಾಮರ ಪರವಾಗಿ ಮುಂದೆ ನ್ಯಾಯಾಲಯದಲ್ಲಿ ನಿಂತವರೂ ಅವರೇ. 1838ರ ರಾಜ್ಯ ಸಂವಿಧಾನ ಕಪ್ಪು ಜನರ ಮತದ ಹಕ್ಕನ್ನು ಕಿತ್ತುಕೊಂಡಾಗ, ಅದನ್ನು ಬರೆದ ಸಭೆಯ ಸದಸ್ಯರಾಗಿದ್ದೂ ಸಹಿ ಹಾಕಲಿಲ್ಲ.

ನಾನು ಸರ್ಕಾರಿ ಶಾಲೆಯಲ್ಲಿ ಓದಿ, ಅಂಥದ್ದೇ ಶಾಲೆಯಲ್ಲಿ ಕಲಿಸಿದವನು. ಆದ್ದರಿಂದ ನನಗೆ 1835ರ ಏಪ್ರಿಲ್ ತಿಂಗಳೇ ಮುಖ್ಯ. ಹಿಂದಿನ ವರ್ಷವಷ್ಟೇ ಬಂದಿದ್ದ ಉಚಿತ ಶಾಲೆಗಳ ಕಾಯ್ದೆಯನ್ನು, ತೆರಿಗೆಗೆ ಬೇಸತ್ತ ಜನರ ಒತ್ತಡಕ್ಕೆ ಮಣಿದು, ಪೆನ್ಸಿಲ್ವೇನಿಯಾದ ಮೇಲ್ಮನೆ ರದ್ದುಮಾಡಲು ಹೊರಟಿತ್ತು. ಕೆಳಮನೆಯಲ್ಲಿ ಸ್ಟೀವನ್ಸ್ ಮಾತನಾಡಿದ ಮೇಲೆ ಗಾಳಿ ತಿರುಗಿತು, ಕಾಯ್ದೆ ಉಳಿಯಿತು. ಹುಟ್ಟಿನಿಂದಲೇ ಪಾದ ಸೊಟ್ಟಗಿದ್ದ, ತಂದೆ ಬಿಟ್ಟುಹೋದ ಮೇಲೆ ತಾಯಿಯ ದುಡಿಮೆಯಿಂದ ಓದಿದ ಹುಡುಗ ಅವರು.

ಬೆಟ್ಟದೂರಿನ ಓದುಗಿ
ಶಾಲೆಯ ವಿಷಯ ಒಪ್ಪಿದೆ ಮೇಷ್ಟ್ರೇ. ಆದರೆ 1865ರ ಜನವರಿಯನ್ನು ಏನೆನ್ನುತ್ತೀರಿ? ಗುಲಾಮಗಿರಿ ತೊಲಗಿಸುವ, ಅಮೆರಿಕ ಸಂವಿಧಾನದ 13ನೇ ತಿದ್ದುಪಡಿಗೆ ಮತ ಕೂಡಿಸಬೇಕಿತ್ತು. ಎಲ್ಲ ವಿಷಯದಲ್ಲೂ ಜನಾಂಗಗಳು ಸಮಾನವೆಂದು ತಾನು ಹೇಳುತ್ತಿಲ್ಲ, ಕಾನೂನಿನ ಮುಂದೆ ಸಮಾನವೆಂದಷ್ಟೇ ಹೇಳುತ್ತಿದ್ದೇನೆ ಎಂದು, ಆಗ ಅಮೆರಿಕ ಸಂಸತ್ತಿನ ಕೆಳಮನೆಯ ಸದಸ್ಯರಾಗಿದ್ದ ಸ್ಟೀವನ್ಸ್ ಸದನದಲ್ಲಿ ನುಡಿದರು. ಜೀವನವಿಡೀ ನಂಬಿದ್ದನ್ನು ಅಂದು ನುಂಗಿಕೊಂಡರಲ್ಲ ಎಂದು ನನಗೆ ಇಂದಿಗೂ ನೋವಾಗುತ್ತದೆ.

ಇತಿಹಾಸದ ಮೇಷ್ಟ್ರು
ನುಂಗಿಕೊಂಡದ್ದಕ್ಕೆ ಫಲ ಸಿಕ್ಕಿತು ಮೇಡಂ. ಅದೇ ತಿಂಗಳ 31ರಂದು ತಿದ್ದುಪಡಿಯ ಪರ 119 ಮತ, ವಿರುದ್ಧ 56 ಮತ. ಮೂರನೇ ಎರಡರಷ್ಟು ಬಹುಮತಕ್ಕಿಂತ ಹೆಚ್ಚಾಗಿ ಬಂದದ್ದು ಎರಡೇ ಎರಡು.

ನೇಗಿಲ ಗೆರೆ
ನೀವೆಲ್ಲ ಮಾತನ್ನು ತೂಗುತ್ತಿದ್ದೀರಿ, ನಾನು ಮಣ್ಣಿನ ವಿಷಯ ಹೇಳುತ್ತೇನೆ. 1865ರ ಸೆಪ್ಟೆಂಬರಿನಲ್ಲಿ ಪೆನ್ಸಿಲ್ವೇನಿಯಾದ ಲ್ಯಾಂಕಾಸ್ಟರಿನಲ್ಲಿ ನಿಂತು ಸ್ಟೀವನ್ಸ್ ಕೇಳಿದ್ದೇನು ಗೊತ್ತೇ? ಅಂತರ್ಯುದ್ಧದಲ್ಲಿ ದಂಗೆಯೆದ್ದ ದಕ್ಷಿಣದ ದೊಡ್ಡ ಜಮೀನ್ದಾರರ ಭೂಮಿಯನ್ನು ವಶಪಡಿಸಿಕೊಂಡು, ಬಿಡುಗಡೆಯಾದ ಪ್ರತಿ ವಯಸ್ಕ ಗಂಡಸಿಗೆ 40 ಎಕರೆ ಕೊಡಿ ಎಂದು. ಸ್ವಂತ ನೆಲವಿಲ್ಲದವನು ಹಳೆಯ ಧಣಿಯ ಹೊಲಕ್ಕೇ ಕೂಲಿಗೆ ಹೋಗಬೇಕಾಗುತ್ತದೆ ಎಂಬುದು ಅವರಿಗೆ ಗೊತ್ತಿತ್ತು. ಸದನ ಕಿವಿಗೊಡಲಿಲ್ಲ, ಸ್ವಂತ ಪಕ್ಷದ ಬಹುಪಾಲು ಜನರೇ ಕೈಬಿಟ್ಟರು. ಆಮೇಲೆ ದಕ್ಷಿಣದಲ್ಲಿ ಬಂದದ್ದು ಪಾಲಿನ ಬೇಸಾಯ ಮತ್ತು ಅಂಗಡಿಯ ಸಾಲ. ಆ ಸೋಲನ್ನು ನೆನೆದಾಗ ನನಗೆ ಕೋಪ ಬರುತ್ತದೆ, ಅವರ ಮೇಲಲ್ಲ.

ಹಳೆಯ ವಕೀಲ
ಭೂಮಿಯ ಮಾತನ್ನು ಒಪ್ಪುತ್ತೇನೆ. ಆದರೂ ಕಕ್ಷಿದಾರನಿಗಾಗಿ ವಾದಿಸುವುದು ವಕೀಲನ ಕರ್ತವ್ಯ ಎಂಬ ಸಮಾಧಾನವನ್ನು ನಾನು ಸ್ವೀಕರಿಸಲಾರೆ. ಮೂವತ್ತು ವರ್ಷ ಕರಿಕೋಟು ತೊಟ್ಟಿದ್ದೇನೆ. ಬೇಡವೆನ್ನಬಹುದಾದ ವಕಾಲತ್ತನ್ನು ಹಿಡಿದದ್ದು ನನಗೂ ಉಂಟು, ಗೆದ್ದ ಸಂಜೆ ಊಟ ಸೇರಲಿಲ್ಲ.

ಬೆಟ್ಟದೂರಿನ ಓದುಗಿ
ವಕೀಲರೇ, ಹಾಗಾದರೆ ಅವರ ಸಮಾಧಿಯನ್ನೂ ನೋಡಿ. 1868ರ ಆಗಸ್ಟ್ 11ರಂದು ತೀರಿಕೊಂಡಾಗ ಅವರ ದೇಹವನ್ನು ಸಂಸತ್ ಭವನದ ಗುಮ್ಮಟದ ಕೆಳಗೆ ಇರಿಸಿ ಗೌರವಿಸಿದರು. ಎಷ್ಟು ದೊಡ್ಡ ಸ್ಮಶಾನದಲ್ಲಾದರೂ ಜಾಗ ಸಿಗುತ್ತಿತ್ತು. ಅವರು ಆರಿಸಿಕೊಂಡದ್ದು ಲ್ಯಾಂಕಾಸ್ಟರಿನ ಒಂದು ಸಣ್ಣ ಸ್ಮಶಾನವನ್ನು. ಉಳಿದ ಸ್ಮಶಾನಗಳ ನಿಯಮದಲ್ಲಿ ಜನಾಂಗದ ಕಟ್ಟುಪಾಡಿದೆ, ಬದುಕಿನುದ್ದಕ್ಕೂ ಪ್ರತಿಪಾದಿಸಿದ್ದನ್ನು ಸಾವಿನಲ್ಲೂ ತೋರಿಸಲು ಇಲ್ಲಿ ಮಲಗಿದ್ದೇನೆ ಎಂದು ಕಲ್ಲಿನ ಮೇಲೆ ಬರೆಸಿಕೊಂಡಿದ್ದಾರೆ.

ಹಳೆಯ ವಕೀಲ
ಆ ಕಲ್ಲಿನ ಮುಂದೆ ತಲೆ ಬಾಗುತ್ತೇನೆ ತಾಯಿ. ಚಾರಿಟಿಗೂ ಎಲ್ಲಾದರೂ ಒಂದು ಕಲ್ಲು ನೆಟ್ಟು, ಅದರಲ್ಲಿ ಆ ದಾವೆಯನ್ನು ಗೆದ್ದ ವಕೀಲರ ಹೆಸರನ್ನೂ ಕೆತ್ತಿಸಬೇಕೆಂಬುದು ನನ್ನ ಆಸೆ.