ಅಪ್‌ಡೇಟ್: ಶಿರಸಿ ತೋಟದ ಹರಾಜಿಗೆ ಸದ್ಯಕ್ಕೆ ತಡೆ ಸಿಕ್ತು

ಹೋದ ಸಲ ಕೇಳಿದ್ನಲ್ಲ, ಅಪ್ಪಯ್ಯ ಅಂಗಡಿ ಸಾಲಕ್ಕೆ ಅಡ ಇಟ್ಟಿದ್ದ ಮನೆ, ಅಡಿಕೆ ತೋಟ ಎರಡನ್ನೂ ಬ್ಯಾಂಕ್‌ನವ್ರು ಸರ್ಫೇಸಿ ಕಾಯ್ದೆಲಿ (ಕೋರ್ಟಿಗೆ ಹೋಗ್ದೆನೇ ಅಡ ಇಟ್ಟ ಆಸ್ತಿ ಮಾರೋಕೆ ಬ್ಯಾಂಕಿಗೆ ಅಧಿಕಾರ ಕೊಡೋ ಕಾನೂನು) ಹರಾಜಿಗೆ ಹಾಕಿದಾರೆ, ತಡೀಬಹುದಾ ಅಂತ. ಸ್ವಾಧೀನದ ನೋಟಿಸ್ ಬಂದು 38 ದಿನ ಆಗೋಗಿತ್ತು, 45 ದಿನದೊಳಗೆ ಬ್ಯಾಂಕಿನ ಕ್ರಮ ಪ್ರಶ್ನಿಸಿ ಅದೇ ಕಾಯ್ದೆಯ ಸೆಕ್ಷನ್ 17ರ ಅರ್ಜಿ ಹಾಕ್ಬೇಕು ಅಂತ ನೀವು ಹೇಳಿದ್ದಕ್ಕೇ ಆ ರಾತ್ರಿನೇ ಬಸ್ ಹತ್ತಿ ಬೆಂಗಳೂರಿನ ಸಾಲ ವಸೂಲಾತಿ ನ್ಯಾಯಮಂಡಳಿಗೆ ಹೋದ್ವಿ. ಕೃಷಿ ಜಮೀನಿಗೆ ಸೆಕ್ಷನ್ 31ರಲ್ಲಿ ವಿನಾಯ್ತಿ ಇದೆ, ಆದ್ರೆ ಬರೀ ಪಹಣಿ ಸಾಲದು, ನಿಜವಾಗ್ಲೂ ಸಾಗುವಳಿ ಆಗ್ತಿದೆ ಅಂತ ನಾವೇ ತೋರಿಸ್ಬೇಕು. ಅಡಿಕೆ ಮಾರಿದ ಪಟ್ಟಿ ಎಲ್ಲಾ ಅಮ್ಮ ವರ್ಷಗಟ್ಲೆ ಜೋಪಾನ ಮಾಡಿಟ್ಟಿದ್ಳು, ಅದೇ ಕೈಹಿಡೀತು. ತೋಟಕ್ಕೆ ಮಧ್ಯಂತರ ತಡೆ ಬಂತು.

ಮನೆಗೆ ಸಿಗ್ಲಿಲ್ಲ. ಕಾಯ್ದೆಗೆ 2016ರ ತಿದ್ದುಪಡಿ ಆದ್ಮೇಲೆ ಹರಾಜು ಪ್ರಕಟಣೆಗೆ ಮುಂಚೆನೇ ಪೂರ್ತಿ ಬಾಕಿ ಕಟ್ಟಿ ಬಿಡಿಸ್ಕೋಬೇಕಿತ್ತು, ನಮಗೆ ಗೊತ್ತಾಗೋ ಹೊತ್ತಿಗೆ ಪೇಪರ್‌ನಲ್ಲಿ ಬಂದಾಗಿತ್ತು. ಅಪ್ಪಯ್ಯ ಇನ್ನೂ ಸರಿಯಾಗಿ ಊಟ ಮಾಡ್ತಿಲ್ಲ. ದಾರಿ ತೋರಿಸಿದ ಎಲ್ರಿಗೂ ಕೈಮುಗಿದೆ.